ಲೇಡೀಸ್ ಸೈಡ್

ದೋಹಾದ ಬಿನ್ ಮಹಮೂದ್ ಏರಿಯಾದ ಹಳೇ ಬಿಲ್ಡಿಂಗೊಂದರ ಮೂರನೇ ಮಹಡಿಯಲ್ಲಿ ಒಬ್ಬ ಫಿಲ್ಮ್ ಎಡಿಟರ್ ಇದ್ದಾಳೆ, ಇಪ್ಪತ್ತಾರು ವರ್ಷದಲ್ಲಿ ಸಾವಿರದ ನೂರು ಫಿಲ್ಮ್ ಕತ್ತರಿಸಿದ್ದಾಳೆ ಎಂದರೆ ಅದೇ ಬಿಲ್ಡಿಂಗಿನ ನಮ್ಮವರೇ ನಗುತ್ತಾರೆ. ನಗಲಿ, ಅವರ ಹಲ್ಲು, ಅವರ ಬಾಯಿ. ಆದರೆ ನಕ್ಕವರಿಗೆ ತೋರಿಸಲು ಅವಳ ಹತ್ತಿರ ಒಂದು ತುಂಡೂ ಇಲ್ಲ.

ಹೆಸರು ಚೂಡಾಮಣಿ. ಕಿನ್ನಿಗೋಳಿ ಕಡೆಯವಳು, ವಯಸ್ಸು ಐವತ್ತೆಂಟು. ಇಲ್ಲಿಯ ಕರಾವಳಿಯವರಿಗೆಲ್ಲ ಮಣಿಯಕ್ಕ. ವೀಸಾದಲ್ಲಿ ಹೌಸ್‌ವೈಫ್, ಬ್ಯಾಂಕಿನ ಫಾರ್ಮಿನಲ್ಲಿ ಹೌಸ್‌ವೈಫ್, ಮಗಳು ಸಹನಾಳ ಶಾಲೆಯ ಡೈರಿಯಲ್ಲೂ ಹನ್ನೆರಡು ವರ್ಷ ಹೌಸ್‌ವೈಫ್. "ಅಮ್ಮಾ, ಎಡಿಟರ್ ಅಂತ ಬರೀಲಾ?" ಅಂತ ಸಹನಾ ಒಮ್ಮೆ ಕೇಳಿದ್ದಳಂತೆ. "ಬೇಡ ಮಗಾ, ಟೀಚರ್ ತೋರಿಸಿ ಅಂದರೆ ಎಂತ ತೋರಿಸುವುದು?" ಎಂದಿದ್ದಳು ಮಣಿಯಕ್ಕ.

ಶುರುವಾದದ್ದು ತೊಂಬತ್ತೆಂಟರಲ್ಲಿ. ಗಂಡ ಯಜ್ಞೇಶ ಅಲ್ ಸದ್ ಏರಿಯಾದ ಒಂದು ಸ್ಟುಡಿಯೋದಲ್ಲಿ ವಿಡಿಯೋ ತೆಗೆಯುತ್ತಿದ್ದ. ಇಲ್ಲಿಯ ಮದುವೆ ಗೊತ್ತಲ್ಲ, ಗಂಡಸರಿಗೆ ಒಂದು ಹಾಲ್, ಹೆಂಗಸರಿಗೆ ಇನ್ನೊಂದು. ಗಂಡಸರ ಕಡೆ ಕಾಫಿ ಕುಡಿದು, ಕೈ ಕುಲುಕಿ, ಊಟ ಮಾಡಿ ಹೋಗುವುದು, ಅಷ್ಟೇ. ನಿಜವಾದ ಮದುವೆ ಇರುವುದು ಹೆಂಗಸರ ಕಡೆ. ಮದುಮಗಳು, ಚಿನ್ನ, ಹಾಡು, ಕುಣಿತ, ಬಿಚ್ಚಿದ ಕೂದಲು, ಎಲ್ಲ ಅಲ್ಲಿಯೇ. ಅಲ್ಲಿಗೆ ಗಂಡಸಿನ ಕ್ಯಾಮರಾ ಹೋಗುವಂತಿಲ್ಲ. ಒಂದು ದಿನ ಕತಾರಿ ತಾಯಿಯೊಬ್ಬರು ಸ್ಟುಡಿಯೋಕ್ಕೆ ಬಂದು, ಕ್ಯಾಮರಾ ಹಿಡಿಯುವ ಹೆಂಗಸು ಬೇಕು, ಇದ್ದರೆ ಹೇಳಿ, ಇಲ್ಲದಿದ್ದರೆ ಖಲಾಸ್, ಬೇರೆ ಕಡೆ ಹೋಗುತ್ತೇನೆ ಎಂದರು. ಮಲಯಾಳಿ ಮಾಲೀಕ ತಲೆ ಕೆರೆದುಕೊಂಡ. ಯಜ್ಞೇಶ ಹಿಂದೆ ಮುಂದೆ ನೋಡದೆ, "ನನ್ನ ವೈಫ್ ಇದ್ದಾಳೆ" ಎಂದುಬಿಟ್ಟ.

ಆ ವೈಫ್ ಆ ತನಕ ಕ್ಯಾಮರಾ ಮುಟ್ಟಿದವಳಲ್ಲ. ಮದುವೆಗೆ ಮೊದಲು ಮೂಲ್ಕಿಯಲ್ಲಿ ಟೈಲರಿಂಗ್ ಮಾಡಿಕೊಂಡಿದ್ದವಳು. ಕ್ಯಾಮರಾ ಹಿಡಿಯುವುದನ್ನು ಯಜ್ಞೇಶ ಎರಡು ದಿನದಲ್ಲಿ ಕಲಿಸಿದ. ಶೂಟಿಂಗೇನೋ ಆಯಿತು, ಕ್ಯಾಸೆಟ್ಟು ಮನೆಗೆ ಬಂತು, ಆಗ ಗೊತ್ತಾಯಿತು ನೋಡಿ ತಮಾಷೆ. ಹೆಂಗಸರ ಕಡೆಯ ಕ್ಯಾಸೆಟ್ಟನ್ನು ಎಡಿಟ್ ಮಾಡಲಿಕ್ಕೂ ಗಂಡಸು ನೋಡಬಾರದಲ್ಲ! "ಹಾಗಾದರೆ ಯಾರು ಎಡಿಟ್ ಮಾಡುವುದು?" ಎಂದ ಯಜ್ಞೇಶ. "ಇನ್ನು ಯಾರು, ನಿಮ್ಮ ವೈಫ್ ಇದ್ದಾಳಲ್ಲ!" ಎಂದಳು ಅವಳು.

ಎರಡು ವಿಸಿಆರ್, ಒಂದು ಟೀವಿ ಮಲಗುವ ಕೋಣೆಗೆ ಹೋಯಿತು, ಯಜ್ಞೇಶ ಹಾಲಿಗೆ ಬಂದ. ವಯರು ಹೇಗೆ ಸಿಕ್ಕಿಸುವುದು, ಯಾವ ಗುಂಡಿ ಯಾವಾಗ ಒತ್ತುವುದು ಎಂದು ಬಾಗಿಲಿನ ಹೊರಗೆ ನಿಂತು ಕೂಗಿ ಕೂಗಿ ಹೇಳಿಕೊಟ್ಟ. ಕತ್ತರಿಸುವುದನ್ನು ಯಾರೂ ಕಲಿಸಬೇಕಾಗಲಿಲ್ಲ. ಬಟ್ಟೆ ಕತ್ತರಿಸಿದ ಕೈ ಅದು, ಎಲ್ಲಿ ಸಡಿಲ, ಎಲ್ಲಿ ಬಿಗಿ ಎಂದು ಅದಕ್ಕೇ ತಿಳಿಯುತ್ತಿತ್ತು.

ಅಲ್ಲಿಂದ ಶುರು. ಕತಾರಿಗಳ ಮದುವೆ, ನಮ್ಮ ಕರಾವಳಿಯ ಬ್ಯಾರಿ ಮುಸ್ಲಿಮರ ಮದುವೆ, ಮಲಯಾಳಿ ಮುಸ್ಲಿಮರ ಮದುವೆ, ಪಾಕಿಸ್ತಾನಿಗಳದ್ದು, ಸುಡಾನಿಗಳದ್ದು. ವಿಸಿಆರ್ ಹೋಗಿ ಕಂಪ್ಯೂಟರ್ ಬಂತು, ಕ್ಯಾಸೆಟ್ಟು ಹೋಗಿ ಕಾರ್ಡು ಬಂತು, ಆ ಕೋಣೆಯ ಬಾಗಿಲು ಮಾತ್ರ ಹಾಗೇ ಮುಚ್ಚಿತ್ತು. ಸೀಸನ್ನಿನಲ್ಲಿ ವಾರಗಟ್ಟಲೆ ಯಜ್ಞೇಶನಿಗೆ ಹಾಲಿನಲ್ಲೇ ಚಾಪೆ. ಅನ್ನ ಅವನೇ ಮಾಡುತ್ತಿದ್ದ, ಮೀನು ಅವನೇ ಕಾಯಿಸುತ್ತಿದ್ದ, ಚಹಾ ಮಾಡಿ ಬಾಗಿಲಿನ ಹೊರಗೆ ಸ್ಟೂಲಿನ ಮೇಲಿಟ್ಟು ಎರಡು ಸಲ ತಟ್ಟಿ ಸರಿಯುತ್ತಿದ್ದ. ಒಳಗಿನಿಂದ ನಗು ಕೇಳಿದರೂ, ಮೂಗೆಳೆದದ್ದು ಕೇಳಿದರೂ "ಎಂತ ಅದು?" ಎಂದರೆ ಒಂದೇ ಉತ್ತರ, "ಲೇಡೀಸ್ ಸೈಡ್." ಆ ಮೇಲೆ ಅವನು ಕೇಳುತ್ತಿರಲಿಲ್ಲ. ಪಾಪದವನು. ಹೆಂಡತಿ ಇಡೀ ಆಯುಷ್ಯ ಮಾಡಿದ ಕೆಲಸದ ಒಂದು ಸೆಕೆಂಡನ್ನೂ ಅವನು ಕಂಡಿಲ್ಲ.

ಮಣಿಯಕ್ಕ ತನಗೆ ತಾನೇ ಒಂದು ಕ್ರಮ ಇಟ್ಟುಕೊಂಡಿದ್ದಳು. ಫಿಲ್ಮ್ ಕೊಡುವ ದಿನ ಮದುಮಗಳ ತಾಯಿಯನ್ನು ಮನೆಗೆ ಕರೆದು ಕಂಪ್ಯೂಟರಿನ ಎದುರು ಕೂರಿಸುತ್ತಿದ್ದಳು. ಹೆಣ್ಣಿನ ಮನೆಗೊಂದು, ಗಂಡಿನ ಮನೆಗೊಂದು ಎಂದು ಎರಡು ಡಿಸ್ಕು ಕೈಗೆ ಕೊಟ್ಟು, ಉಳಿದದ್ದನ್ನೆಲ್ಲ ಅಳಿಸುವ ಗುಂಡಿಯನ್ನು ಆ ತಾಯಿಯ ಬೆರಳಿನಿಂದಲೇ ಒತ್ತಿಸುತ್ತಿದ್ದಳು. ಬಿಸ್ಮಿಲ್ಲಾ ಎಂದು ಒತ್ತಿದವರುಂಟು, ಕಣ್ಣು ಮುಚ್ಚಿ ಒತ್ತಿದವರುಂಟು. ಆಮೇಲೆ ಒಳಗಿನ ಮಾತು ಹೊರಗಿಲ್ಲ. ಕಂಡದ್ದು ಕಣ್ಣಲ್ಲಿ, ಕೇಳಿದ್ದು ಕಿವಿಯಲ್ಲಿ. ಅದಕ್ಕೇ ಅವಳಿಗೆ ಅಷ್ಟು ಹೆಸರು. ಮಾಲಿನಲ್ಲಿ ಮುಖ ಮುಚ್ಚಿದ ಹೆಂಗಸರು ಬಂದು "ಉಮ್ ಸಹನಾ!", ಅಂದರೆ ಸಹನಾಳ ಅಮ್ಮ, ಎಂದು ಕೈ ಹಿಡಿಯುತ್ತಿದ್ದರು, ಇವಳು ಅವರನ್ನು ಸ್ವರದಿಂದ ಗುರುತಿಸಬೇಕಾಗಿತ್ತು.

ಎಲ್ಲ ತಾಯಂದಿರದ್ದೂ ಒಂದೇ ಬೇಡಿಕೆ. ಅಳು ಬೇಡ. ಸಪ್ಪೆ ಮುಖ ಬೇಡ. ನಗುವುದು ಮಾತ್ರ ಇಡಿ. ಗಂಡಿನ ಮನೆಯವರು ನೋಡುತ್ತಾರೆ, ಊರಲ್ಲಿ ನೋಡುತ್ತಾರೆ. ಮಣಿಯಕ್ಕ ಅಳು ತೆಗೆದಳು. ಸಾವಿರದ ನೂರು ಮದುವೆಯ ಅಳು ತೆಗೆದಳು. ಮದುಮಗಳನ್ನು ಎಲ್ಲರೂ ನೋಡುತ್ತಾರೆ, ಮದುಮಗಳು ಯಾರನ್ನು ನೋಡುತ್ತಿದ್ದಾಳೆ ಎಂದು ನೋಡುವುದೇ ತನ್ನ ಕೆಲಸ ಎಂದು ಅವಳು ಹೇಳುತ್ತಿದ್ದಳು. ಆ ನೋಟ ಸಿಗದಿದ್ದರೆ ಹೊಂದಿಸುತ್ತಿದ್ದಳು. ಇಲ್ಲಿಯ ನಗು ಅಲ್ಲಿಗೆ, ಅಲ್ಲಿಯ ಕಣ್ಣು ಇಲ್ಲಿಗೆ.

ಕಳೆದ ಡಿಸೆಂಬರಿನಲ್ಲಿ ಸಹನಾಳ ಆಫೀಸಿನವರು ಸಿನಿಮಾ ಕಲಿಯುವವರಿಗೆ ಒಂದು ಶಿಬಿರ ಮಾಡಿದರು. ಫಿನ್ಲೆಂಡಿನಿಂದ ಐಲಾ ಎಂಬ ಎಡಿಟರ್ ಬಂದಿದ್ದಳು. ಎಪ್ಪತ್ತನಾಲ್ಕು ವರ್ಷದ ಮುದುಕಿ. ಫಿನ್ಲೆಂಡ್, ಸ್ವೀಡನ್, ನಾರ್ವೆ ಎಂದು ಆ ಕಡೆಯ ದೇಶಗಳ ಸಿನಿಮಾಗಳನ್ನು ನಲವತ್ತನಾಲ್ಕು ವರ್ಷ ಕತ್ತರಿಸಿದವಳು. ಸಹನಾ ಅಮ್ಮನನ್ನು ಬಲವಂತವಾಗಿ ಕರೆದುಕೊಂಡು ಹೋದಳು. ಪರದೆಯ ಮೇಲೆ ಐಲಾಳ ಸಿನಿಮಾಗಳ ತುಂಡುಗಳು ಬಂದವು. ಹಿಮ, ದೋಣಿ, ಅಡುಗೆಮನೆಯ ಮೇಜು, ಮಾತಾಡದೆ ಕೂತ ಗಂಡ ಹೆಂಡತಿ. ಮಣಿಯಕ್ಕನಿಗೆ ಭಾಷೆ ಗೊತ್ತಾಗದಿದ್ದರೂ ಎಲ್ಲಿ ಕತ್ತರಿ ಬಿದ್ದಿದೆ ಎಂದು ಪ್ರತಿ ಸಲವೂ ಗೊತ್ತಾಗುತ್ತಿತ್ತು.

ಭಾಷಣ ಮುಗಿದ ಮೇಲೆ ಸಹನಾ ಅಮ್ಮನನ್ನು ಎಳೆದುಕೊಂಡು ಹೋಗಿ ಪರಿಚಯ ಮಾಡಿಸಿ, ನಡುವೆ ನಿಂತು ಇಂಗ್ಲಿಷಿಗೂ ಕನ್ನಡಕ್ಕೂ ಓಡಾಡಿದಳು.

"ಎಷ್ಟು ಫಿಲ್ಮ್ ಮಾಡಿದ್ದೀರಿ?" ಎಂದಳು ಐಲಾ.

"ಸಾವಿರದ ನೂರು."

ಮುದುಕಿ ಬಾಯಿ ಬಿಟ್ಟಳು. "ನನ್ನದು ನಲವತ್ತಮೂರು. ಒಂದು ತೋರಿಸುತ್ತೀರಾ?"

"ತೋರಿಸಲಿಕ್ಕೆ ಒಂದೂ ಇಲ್ಲ" ಎಂದು ಮಣಿಯಕ್ಕ ಕಾರಣ ಹೇಳಿದಳು.

ಐಲಾ ನಗಲಿಲ್ಲ, ಅಯ್ಯೋ ಪಾಪ ಅಂತಲೂ ಅನ್ನಲಿಲ್ಲ. ಮಣಿಯಕ್ಕನ ಬಲಗೈ ಹಿಡಿದು ಮಣಿಕಟ್ಟನ್ನು ಒತ್ತಿ, "ಇಲ್ಲಿ ನೋಯುತ್ತದಲ್ಲ?" ಎಂದಳು. ನೋಯುತ್ತಿತ್ತು. "ನನಗೂ. ಒಂದು ಕೇಳುತ್ತೇನೆ, ನಿಮಗೆ ನೆನಪಿರುವುದು ಇಟ್ಟದ್ದೋ, ತೆಗೆದದ್ದೋ?"

"ತೆಗೆದದ್ದು" ಎಂದಳು ಮಣಿಯಕ್ಕ, ಯೋಚನೆಯೇ ಮಾಡದೆ.

"ನನಗೂ ಹಾಗೇ. ಆದರೆ ಇಷ್ಟು ವರ್ಷದಲ್ಲಿ ಒಬ್ಬರೂ ಬಂದು ಅದನ್ನು ಕೇಳಲಿಲ್ಲ" ಎಂದಳು ಐಲಾ.

ಮಣಿಯಕ್ಕನನ್ನೂ ಒಬ್ಬರೂ ಕೇಳಿರಲಿಲ್ಲ, ಜನವರಿಯ ಆ ಶುಕ್ರವಾರದವರೆಗೆ.

ಆಗ ಅವಳು ಊರಿಗೆ ಹೊರಡುವ ತಯಾರಿಯಲ್ಲಿದ್ದಳು. ಕಣ್ಣಿಗೆ ಪೊರೆ ಬಂದಿತ್ತು, ಕೆಲಸ ನಿಲ್ಲಿಸಿ ಆರು ತಿಂಗಳಾಗಿತ್ತು. ಮುಂದಿನ ತಿಂಗಳು ವೀಸಾ ಕ್ಯಾನ್ಸಲ್. ಹಾಲ್ ತುಂಬ ಅರ್ಧ ತುಂಬಿದ ಕಾರ್ಟನ್ನುಗಳು. ಮಧ್ಯಾಹ್ನ ಜುಮಾ ನಮಾಜು ಮುಗಿದು ಬೀದಿಯಲ್ಲಿ ಕಾರುಗಳ ಗಲಾಟೆ ಇಳಿಯುವ ಹೊತ್ತಿಗೆ ಬೆಲ್ ಆಯಿತು. ಬಾಗಿಲಲ್ಲಿ ಓಲ್ಡ್ ಏರ್‌ಪೋರ್ಟ್ ಏರಿಯಾದ ಆಯಿಷಮ್ಮ ನಿಂತಿದ್ದರು.

ಆಯಿಷಮ್ಮ ಉಪ್ಪಿನಂಗಡಿ ಕಡೆಯ ಬ್ಯಾರಿ ಮನೆತನದವರು. ಮೂವತ್ತೈದು ವರ್ಷದಿಂದ ದೋಹಾದಲ್ಲೇ. ಅವರ ಒಬ್ಬಳೇ ಮಗಳು ಶಮ್ನಾಳ ಮದುವೆಯ ಹೆಂಗಸರ ಕಡೆ ಫಿಲ್ಮ್ ಮಾಡಿದ್ದು ಮಣಿಯಕ್ಕನೇ, ಎರಡು ಸಾವಿರದ ಹನ್ನೊಂದರಲ್ಲಿ. ಆ ಶಮ್ನಾ ಈಗ ಇಲ್ಲ. ಎಂಟು ತಿಂಗಳ ಹಿಂದೆ ಬೆಳಿಗ್ಗೆ ತಲೆನೋವು ಎಂದು ಮಲಗಿದವಳು ಮಾರನೇ ದಿನ ಆಸ್ಪತ್ರೆಯಲ್ಲಿ ಹೋಗಿಬಿಟ್ಟಳು. ಮೆದುಳಿನಲ್ಲಿ ರಕ್ತನಾಳ ಒಡೆದದ್ದಂತೆ. ಮೂವತ್ತಮೂರು ವರ್ಷ, ಸಾಯುವ ವಯಸ್ಸಾ ಅದು! ಮಣಿಯಕ್ಕ ಆಗಲೇ ಹೋಗಿ ಮಾತಾಡಿಸಿ ಬಂದಿದ್ದಳು. ಅಂದು ಆಯಿಷಮ್ಮ ಒಂದು ಮಾತೂ ಆಡಿರಲಿಲ್ಲ.

ಇಂದು ಕೂತವರೇ ಚೀಲದಿಂದ ಒಂದು ಡಿಸ್ಕ್ ತೆಗೆದರು. "ನೀವು ಊರಿಗೆ ಹೋಗ್ತೀರಂತೆ, ನನ್ನ ತಂಗಿಯ ಮಗಳು ರೈಹಾನಾ ಹೇಳಿದಳು. ಅದಕ್ಕೇ ಓಡಿಕೊಂಡು ಬಂದೆ. ಇದು ಓಡುವುದಿಲ್ಲ ಮಣಿಯಕ್ಕ. ಮೂರು ಅಂಗಡಿಗೆ ಕೊಟ್ಟೆ. ನೀವೇ ಮಾಡಿದ್ದಲ್ಲವಾ, ಹೇಗಾದರೂ ಮಾಡಿ ಓಡಿಸಿ ಕೊಡಿ."

ಯಜ್ಞೇಶ ಎದ್ದು ಚಹಾಕ್ಕೆ ನೀರಿಡಲು ಅಡುಗೆಮನೆಗೆ ಹೋದ. ಮಣಿಯಕ್ಕ ಆಯಿಷಮ್ಮನನ್ನು ಕೋಣೆಗೆ ಕರೆದುಕೊಂಡು ಹೋಗಿ ಬಾಗಿಲು ಹಾಕಿದಳು. ಕಂಪ್ಯೂಟರನ್ನು ಇನ್ನೂ ಕಟ್ಟಿರಲಿಲ್ಲ. ಡಿಸ್ಕಿನ ಬೆನ್ನನ್ನು ಬೆಳಕಿಗೆ ಹಿಡಿದಳು. ಅಂಚಿನಿಂದ ನಡುವಿನವರೆಗೆ ಚಹಾ ಚೆಲ್ಲಿದಂಥ ಕಲೆ ಹಬ್ಬಿತ್ತು. ಆ ಕಾಲದ ಡಿಸ್ಕುಗಳ ಹಣೆಬರಹವೇ ಅಷ್ಟು. ಆದರೂ ಹಾಕಿದಳು. ಗರಗರ ಸದ್ದಾಯಿತು, ನಿಂತಿತು. ಒರೆಸಿ ಹಾಕಿದಳು. ಬೇರೆ ಡ್ರೈವಿಗೆ ಹಾಕಿದಳು. ಇದ್ದ ವಿದ್ಯೆಯೆಲ್ಲ ಮುಗಿಯಿತು.

"ಇನ್ನೊಂದು ಡಿಸ್ಕ್?"

"ಫಾಯಿಝನ ಮನೆಯದ್ದಾ?" ಫಾಯಿಝ್ ಎಂದರೆ ಅಳಿಯ. "ಅವರು ಮನೆ ಬದಲಿಸುವಾಗಲೇ ಕಳೆದುಹೋಗಿದೆ. ಮಣಿಯಕ್ಕ, ಇದರ ಒರಿಜಿನಲ್ ಎಲ್ಲಿಯಾದರೂ ಮೂಲೆಯಲ್ಲಿ..."

"ಇಲ್ಲ ಆಯಿಷಮ್ಮ. ನಾನು ಯಾರದ್ದೂ ಇಡುವುದಿಲ್ಲ."

ಇಪ್ಪತ್ತಾರು ವರ್ಷ ತಲೆ ಎತ್ತಿ ಹೇಳಿದ ಮಾತು ಅದು. ಅಂದು ಹೇಳುವಾಗ ಅವಳಿಗೆ ನಾಚಿಕೆಯಾಯಿತು.

ಆಯಿಷಮ್ಮ ಅಳಲಿಲ್ಲ. ಡಿಸ್ಕನ್ನು ಸೆರಗಿನಿಂದ ಒರೆಸುತ್ತಾ ನಿಧಾನವಾಗಿ ಹೇಳತೊಡಗಿದರು. ಶಮ್ನಾ ಮಂಗಳೂರಿನಲ್ಲಿ ಬಿ.ಫಾರ್ಮ ಎರಡನೇ ವರ್ಷದಲ್ಲಿದ್ದಳು. ಒಳ್ಳೇ ಸಂಬಂಧ ಬಂತು ಎಂದು ಓದು ಬಿಡಿಸಿ ಕರೆಸಿದ್ದು ಆಯಿಷಮ್ಮನೇ. ಅಪ್ಪ ಲತೀಫ್ ಸಾಹೇಬರು ಓದಲಿ ಎಂದಿದ್ದರು, ಇವರೇ ಹಟ ಹಿಡಿದದ್ದು. ಮದುವೆಗೆ ಮೊದಲಿನ ಮೂರು ವಾರ ಮಗಳು ತಾಯಿಯ ಹತ್ತಿರ ಮಾತಾಡಲಿಲ್ಲ. ಮದುವೆಯಾದ ಮೇಲೆ ಎಲ್ಲ ಸರಿಯಾಗಿಯೇ ಇತ್ತು. ಪ್ರತಿ ಶುಕ್ರವಾರ ಬರುತ್ತಿದ್ದಳು, ಕೇಳಿದ್ದಕ್ಕೆಲ್ಲ ಹೌದು ಉಮ್ಮ, ಸರಿ ಉಮ್ಮ.

"ಆದರೆ ಸಿಟ್ಟು ಹೋಗಿತ್ತಾ ಅಂತ ನಾನು ಕೇಳಲೇ ಇಲ್ಲ. ಹದಿಮೂರು ವರ್ಷ ಬಾಯಿ ಬರಲಿಲ್ಲ ನನಗೆ. ಇಲ್ಲ ಉಮ್ಮ, ಹೋಗಿಲ್ಲ ಅಂದುಬಿಟ್ಟರೆ? ಆ ಫಿಲ್ಮಿನಲ್ಲಿ ಒಂದು ಕಡೆ ಅವಳು ನನ್ನನ್ನು ನೋಡಿ ನಗ್ತಾಳೆ ಮಣಿಯಕ್ಕ. ಅದನ್ನು ನೋಡಿ ನೋಡಿ ಸಮಾಧಾನ ಮಾಡಿಕೊಳ್ಳುತ್ತಿದ್ದೆ. ಈಗ ಅದೂ ಇಲ್ಲ."

ಮಣಿಯಕ್ಕನಿಗೆ ಫಿನ್ಲೆಂಡಿನ ಮುದುಕಿಯ ನೆನಪಾಯಿತು. ಕಪ್ಪು ಪರದೆಯ ಎದುರು ಕುರ್ಚಿ ಎಳೆದುಕೊಂಡು, "ನೀವು ಕಣ್ಣು ಮುಚ್ಚಿ ಆಯಿಷಮ್ಮ. ನಾನು ಹೇಳ್ತೇನೆ" ಎಂದಳು.

ಹೇಳಿದಳು ನೋಡಿ! ಹದಿಮೂರು ವರ್ಷದ ಹಿಂದಿನ ಫಿಲ್ಮನ್ನು ನಿನ್ನೆ ಮಾಡಿದವಳ ಹಾಗೆ ಒಂದೊಂದೇ ಶಾಟ್ ಬಿಡದೆ ಹೇಳಿದಳು. "ಮೊದಲು ಅವಳ ಎಡಗೈ. ಮದರಂಗಿ. ಕಿರುಬೆರಳಿನಲ್ಲಿ ಮಾತ್ರ ಸ್ವಲ್ಪ ಅಳಿಸಿದೆ. ಆಮೇಲೆ ಕನ್ನಡಿ. ನೀವು ಹಿಂದೆ ನಿಂತು ಶಾಲಿಗೆ ಪಿನ್ನು ಹಾಕುತ್ತಿದ್ದೀರಿ, ನಿಮ್ಮ ತುಟಿಯಲ್ಲಿ ಮೂರು ಪಿನ್ನುಗಳು. ನಿಮ್ಮಿಬ್ಬರಿಗೂ ಮಾತಿಲ್ಲ, ಮೇಲೆ ಹಾಡು ಹಾಕಿದ್ದೇನೆ. ಅವಳು ಒಮ್ಮೆ ಕನ್ನಡಿಯಲ್ಲಿ ನಿಮ್ಮ ಕೈ ನೋಡುತ್ತಾಳೆ..."

"ಹೌದು. ಹೌದು. ಹಸಿರು ಪಿನ್ನು" ಎಂದರು ಆಯಿಷಮ್ಮ ಕಣ್ಣು ಮುಚ್ಚಿಕೊಂಡೇ.

ಹಾಲ್ ಬಂತು, ಸ್ಟೇಜು ಬಂತು, ಚಿನ್ನ ಹಾಕಿದ್ದು, ಮಕ್ಕಳು ಬಲೂನ್ ಒಡೆದದ್ದು, ಅತ್ತೆಯಂದಿರು ಚಪ್ಪಾಳೆ ತಟ್ಟಿ ಹಾಡಿದ್ದು. ಆಯಿಷಮ್ಮನ ಮುಖ ಹಗುರಾಗುತ್ತಾ ಹೋಯಿತು. ಎರಡು ಸಲ ನಕ್ಕರೂ ನಕ್ಕರು. ಹೊರಗೆ ಯಜ್ಞೇಶ ಚಹಾ ಇಟ್ಟು ಎರಡು ಸಲ ತಟ್ಟಿದ. ಯಾರೂ ಏಳಲಿಲ್ಲ.

"ಈಗ ಅವಳು ತಲೆ ಎತ್ತಿ ನಗುತ್ತಾಳೆ" ಎಂದಳು ಮಣಿಯಕ್ಕ. "ಆಮೇಲೆ ನಿಮ್ಮ ಮುಖ."

ಆಯಿಷಮ್ಮ ಕಣ್ಣು ತೆರೆದರು.

"ಇಲ್ಲೇ ನಿಲ್ಲಿಸಿ. ಒಂದು ಕೇಳ್ತೇನೆ, ನಿಮ್ಮ ಮಗಳ ಆಣೆ, ಸುಳ್ಳು ಹೇಳಬಾರದು. ಈ ಜಾಗವನ್ನು ನಾನು ನೂರಾರು ಸಲ ನೋಡಿದ್ದೇನೆ. ನಾನು ನಿಂತದ್ದು ಸ್ಟೇಜಿನ ಬಲಗಡೆ, ಬಾಗಿಲ ಹತ್ತಿರ. ಅವಳು ನೋಡುವುದು ಎಡಗಡೆ. ಅವಳು ನಕ್ಕದ್ದು ನನ್ನನ್ನು ನೋಡಿಯಾ?"

ಸಾವಿರದ ನೂರು ಫಿಲ್ಮಿನಲ್ಲಿ ಯಾರೂ ಹಿಡಿಯದ ಹೊಲಿಗೆಯನ್ನು ಈ ತಾಯಿ ಹಿಡಿದಿದ್ದರು. ಹಿಡಿದೂ ಇಷ್ಟು ವರ್ಷ ಸುಮ್ಮನಿದ್ದರು.

"ಅಲ್ಲ" ಎಂದಳು ಮಣಿಯಕ್ಕ. "ಮುಂದಿನ ಸಾಲಿನಲ್ಲಿ ಅವಳ ಅಜ್ಜಿ ಕೂತಲ್ಲೇ ತೂಕಡಿಸಿ ಐಸ್‌ಕ್ರೀಮ್ ಮಡಿಲಿಗೆ ಚೆಲ್ಲಿಕೊಂಡರು. ಅದನ್ನು ನೋಡಿ ನಕ್ಕದ್ದು. ನಿಮ್ಮ ಮುಖ ಆಮೇಲಿನದ್ದು. ಅಂಟಿಸಿದ್ದು ನಾನು."

ಆಯಿಷಮ್ಮ ತಲೆ ಆಡಿಸಿದರು. ಗೊತ್ತಿದ್ದದ್ದೇ ಎನ್ನುವ ಹಾಗೆ ಆಡಿಸಿ, ಡಿಸ್ಕನ್ನು ಚೀಲಕ್ಕೆ ಹಾಕಲು ಹೋದರು. ಆದರೆ ಬೆರಳುಗಳಿಗೆ ಜಿಪ್ಪು ಸಿಗಲಿಲ್ಲ. ಆ ಬೆರಳುಗಳನ್ನು ನೋಡಿ ಮಣಿಯಕ್ಕನಿಗೆ ತಡೆಯಲಾಗಲಿಲ್ಲ. ತೆಗೆದದ್ದನ್ನು ಯಾರಿಗೂ ಹೇಳಬಾರದು ಎಂಬ ತನ್ನ ಕ್ರಮವನ್ನು ಅವಳು ಜೀವಮಾನದಲ್ಲಿ ಮೊದಲ ಬಾರಿಗೆ ಮುರಿದಳು.

"ಹೋಗಬೇಡಿ. ಅದಕ್ಕೂ ಮೊದಲು ಒಂದು ತುಂಡು ಇತ್ತು ಆಯಿಷಮ್ಮ. ಆರು ನಿಮಿಷದ್ದು. ನಾನು ತೆಗೆದದ್ದು."

"ಎಂಥದ್ದು?"

"ಗಂಡಸರ ಕಡೆ ನಿಕಾಹ್ ಆಗುತ್ತಿತ್ತು. ಸ್ಪೀಕರಿನಲ್ಲಿ ಕೇಳುತ್ತಿತ್ತು. ಸ್ಟೇಜಿನಲ್ಲಿ ಶಮ್ನಾ ಒಬ್ಬಳೇ. ನಾನು ಕ್ಯಾಮರಾವನ್ನು ಸ್ಟ್ಯಾಂಡಿನಲ್ಲಿ ಬಿಟ್ಟು ನೀರು ಕುಡಿಯಲು ಹೋಗಿದ್ದೆ. ಮನೆಯಲ್ಲಿ ಹೆಡ್‌ಫೋನ್ ಹಾಕಿದಾಗಲೇ ನನಗೆ ಕೇಳಿಸಿದ್ದು. ಅವಳು ಹತ್ತಿರ ಬಂದವರನ್ನೆಲ್ಲ ಕೇಳುತ್ತಿದ್ದಾಳೆ, ಉಮ್ಮ ಎಲ್ಲಿ? ಉಮ್ಮನ್ನ ಕರೀರಿ. ಏಳು ಸಲ. ನಾನು ಲೆಕ್ಕ ಹಾಕಿದ್ದೇನೆ, ಏಳು ಸಲ."

ಆಯಿಷಮ್ಮನ ಕೈ ಬಾಯಿಗೆ ಹೋಯಿತು. "ನಾನು... ಹಿಂದಿನ ಬಾಗಿಲಲ್ಲಿದ್ದೆ. ಘೀ ರೈಸ್ ಕಮ್ಮಿಯಾಯಿತು ಅಂತ ಕೇಟರಿಂಗಿನವನ ಹತ್ತಿರ ಜಗಳ ಮಾಡ್ತಾ ಇದ್ದೆ. ಅಲ್ಲಾ!"

"ಕೊನೆಗೆ ರೈಹಾನಾ ಬಂದಳು. ಅವಳ ಕೈ ಹಿಡಿದು ಶಮ್ನಾ ಹೇಳಿದಳು, ಉಮ್ಮನಿಗೆ ನನ್ನ ಮೇಲೆ ಸಿಟ್ಟು ಇನ್ನೂ ಹೋಗಿಲ್ಲ ಅಂತ ಕಾಣ್ತದೆ, ಅದಕ್ಕೇ ಬರ್ತಾ ಇಲ್ಲ. ನನಗೆ ಸಿಟ್ಟಿಲ್ಲ ಅಂತ ಹೇಳು ರೈಹಾ. ಉಮ್ಮ ಬರಲಿ, ಒಮ್ಮೆ ಹಿಡಿದುಕೊಳ್ಳಬೇಕು ಅಂದಳು. ರೈಹಾನಾ ಆಯ್ತು ಎಂದು ಇಳಿದಳು. ಇಳಿದಲ್ಲೇ ಯಾರೋ ಅವಳ ಕೈಗೆ ಪ್ಲೇಟುಗಳ ಟ್ರೇ ಕೊಟ್ಟರು. ಅದೂ ಫ್ರೇಮಿನಲ್ಲಿತ್ತು. ಅಷ್ಟರಲ್ಲಿ ಸ್ಪೀಕರಿನಲ್ಲಿ ಮದುಮಗ ಕಬೂಲ್, ಒಪ್ಪಿದೆ ಎಂದ, ಎಲ್ಲರೂ ಸ್ಟೇಜು ಹತ್ತಿದರು."

ಆಯಿಷಮ್ಮ ಅತ್ತರು. ಎಂಟು ತಿಂಗಳಿನಿಂದ ಕಟ್ಟಿಕೊಂಡಿದ್ದನ್ನು ಅತ್ತರು, ಹದಿಮೂರು ವರ್ಷದ್ದನ್ನೂ ಸೇರಿಸಿ ಅತ್ತರು. "ನನಗೆ ಸಿಟ್ಟಿಲ್ಲ ಅಂದಳಾ? ಹಾಗೇ ಅಂದಳಾ? ಅವಳಿಗೂ ನನ್ನ ಸಿಟ್ಟಿನದ್ದೇ ಹೆದರಿಕೆಯಾ?" ಎಂದು ಮತ್ತೆ ಮತ್ತೆ ಕೇಳಿದರು. ಮಣಿಯಕ್ಕ ಪ್ರತಿ ಸಲವೂ ಹೌದು ಎಂದಳು. ಅವಳ ಕಣ್ಣಿನಿಂದಲೂ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳುವ ಧೈರ್ಯವಾಗಲಿಲ್ಲ.

ಅಳು ಸ್ವಲ್ಪ ಇಳಿದ ಮೇಲೆ ಆಯಿಷಮ್ಮ ಕಂಪ್ಯೂಟರಿನ ಕಡೆ ನೋಡಿದರು. ಆಮೇಲೆ ತಮ್ಮ ಬಲಗೈಯ ತೋರುಬೆರಳನ್ನು ನೋಡಿಕೊಂಡರು. "ಇಲ್ಲೇ ಕೂತು ಒತ್ತಿದ್ದೆ ಅಲ್ಲವಾ? ಬಿಸ್ಮಿಲ್ಲಾ ಹೇಳಿ ಒತ್ತಿದ್ದೆ. ಅದು ಆಗ ಇದರೊಳಗೆ ಇತ್ತಾ?"

"ಒತ್ತಿಸಿದ್ದು ನಾನು. ಒಳಗೆ ಎಂತ ಇತ್ತೆಂದು ನಿಮಗೆ ಗೊತ್ತಿರಲಿಲ್ಲ."

"ನಿನಗೆ ಗೊತ್ತಿತ್ತಲ್ಲ!" ಆಯಿಷಮ್ಮ ಎದ್ದು ನಿಂತರು. ಬಹುವಚನ ಬಿದ್ದುಹೋಗಿತ್ತು. "ಯಾಕೆ ತೆಗೆದೆ? ನನ್ನ ಮಗಳು ನನ್ನನ್ನು ಕರೆದದ್ದನ್ನು ತೆಗೆಯಲು ನೀನು ಯಾರು? ನನ್ನನ್ನು ಒಂದು ಮಾತು ಕೇಳಬಾರದಿತ್ತಾ? ಒಂದೇ ಒಂದು ಫೋನು?"

ಫೋನು ಮಾಡಿದ್ದಳು ಮಣಿಯಕ್ಕ. ಹದಿಮೂರು ವರ್ಷದ ಹಿಂದೆ, ಇದೇ ಕುರ್ಚಿಯಿಂದ. ಆ ಆರು ನಿಮಿಷವನ್ನು ಹಾಕಿ ತೆಗೆದು, ತೆಗೆದು ಹಾಕಿ, ಕೊನೆಗೆ ಫೋನು ಹಚ್ಚಿ, "ಆಯಿಷಮ್ಮ, ಒಂದು ತುಂಡು ಇದೆ, ಬಂದು ನೋಡುತ್ತೀರಾ?" ಎಂದಿದ್ದಳು. "ಅದರಲ್ಲಿ ಶಮ್ನಾ ನಗುತ್ತಾಳಾ?" ಎಂದು ಕೇಳಿದ್ದರು ಆಯಿಷಮ್ಮ. ಇಲ್ಲ ಎಂದದ್ದಕ್ಕೆ, "ಹಾಗಾದರೆ ನೋಡುವುದೆಂಥದ್ದು, ತೆಗೆದುಬಿಡಿ ಮಾರಾಯ್ತಿ. ಮದುಮಗಳ ಸಪ್ಪೆ ಮುಖ ನೋಡಿ ಜನ ಆಡಿಕೊಳ್ಳುವುದು ಬೇಡ" ಎಂದು ಫೋನು ಇಟ್ಟಿದ್ದರು. ಮದುವೆ ಮನೆಯ ಗಡಿಬಿಡಿ, ನೆಂಟರಿಷ್ಟರು, ನೂರು ಫೋನು. ಆ ಮಾತು ಅವರಿಗೆ ಮರೆತೇಹೋಗಿತ್ತು.

ಅದೀಗ ಮಣಿಯಕ್ಕನ ನಾಲಿಗೆಯ ತುದಿಗೆ ಬಂತು. ನೀವೇ ಹೇಳಿದ್ದಲ್ಲವಾ ಎಂದರೆ ಮುಗಿಯಿತು. ಅವಳ ಮೇಲಿನ ತಪ್ಪು ಇಳಿಯುತ್ತಿತ್ತು. ಇಳಿದು ಯಾರ ತಲೆಯ ಮೇಲೆ ಹೋಗಿ ಕೂರುತ್ತದೆ ಎನ್ನುವುದ‌ನ್ನು ಅವಳಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

"ಕೇಳಬೇಕಿತ್ತು ಆಯಿಷಮ್ಮ" ಎಂದಳು. "ಕೇಳಲಿಲ್ಲ. ಫಿಲ್ಮ್ ಉದ್ದ ಆಯಿತು ಅಂತ ನಾನೇ ತೆಗೆದುಬಿಟ್ಟೆ. ದೊಡ್ಡ ತಪ್ಪಾಯಿತು."

"ಉದ್ದ ಆಯಿತಾ! ನಿನಗೂ ಒಬ್ಬಳು ಮಗಳಿದ್ದಾಳಲ್ಲ ಚೂಡಾಮಣಿ" ಎಂದರು ಆಯಿಷಮ್ಮ. ಅದಕ್ಕಿಂತ ಹೆಚ್ಚು ಬೈಯಲು ಅವರಿಗೆ ಬರುತ್ತಿರಲಿಲ್ಲ. ಆ ಡಿಸ್ಕನ್ನು ಮೇಜಿನ ಮೇಲೇ ಬಿಟ್ಟು, ಬಾಗಿಲು ತೆಗೆದು, ಸ್ಟೂಲಿನ ಮೇಲಿನ ಚಹಾವನ್ನು ದಾಟಿ, ಯಜ್ಞೇಶನ ಕಡೆ ನೋಡದೆ ಹೊರಟರು. ಹೊರಬಾಗಿಲಲ್ಲಿ ಚಪ್ಪಲಿ ಹಾಕಿಕೊಳ್ಳುವಾಗ ಒಮ್ಮೆ ತಿರುಗಿದರು.

"ಎಷ್ಟು ಸಲ ಕರೆದಳು ಅಂದೆ?"

"ಏಳು ಸಲ."

"ಏಳು ಸಲ" ಎಂದು ತಮಗೆ ತಾವೇ ಹೇಳಿಕೊಂಡು ಆಯಿಷಮ್ಮ ಮೆಟ್ಟಿಲು ಇಳಿದರು.

ಯಜ್ಞೇಶ ಕಾರ್ಟನ್ನುಗಳ ನಡುವೆ ಕಕ್ಕಾಬಿಕ್ಕಿಯಾಗಿ ನಿಂತಿದ್ದ. "ಎಂತ ಮಾರಾಯ್ತಿ ಇದು? ಅವರು ನಿನಗೆ ಬೈದದ್ದಾ? ಇಪ್ಪತ್ತಾರು ವರ್ಷದಲ್ಲಿ ಒಬ್ಬರ ಬಾಯಿಂದಲೂ ಮಾತು ಕೇಳಿದವಳಲ್ಲ ನೀನು. ಅಂಥದ್ದೇನು ಮಾಡಿದ್ದೀ?"

ಮಣಿಯಕ್ಕ ಕೋಣೆಯ ಬಾಗಿಲಿಗೆ ಒರಗಿ ನಿಂತು, ಸೆರಗಿನಿಂದ ಮುಖ ಒರೆಸಿಕೊಂಡಳು.

"ಲೇಡೀಸ್ ಸೈಡ್" ಎಂದಳು.

ಅವನು ಮತ್ತೆ ಕೇಳಲಿಲ್ಲ. ತಣ್ಣಗಾದ ಎರಡು ಚಹಾವನ್ನೂ ಎತ್ತಿಕೊಂಡು ಬಿಸಿ ಮಾಡಲು ಒಳಗೆ ಹೋದ.